ಹಿಂದಿನ ಸಾಲು

ಫ್ಯೂಸ್ ತಂತಿ ಹುಡುಕಿಕೊಂಡು ಅಣ್ಣನ ಅಡುಗೆಮನೆಗೆ ಹೋದಾಗ ಅವಳ ಕಣ್ಣಿಗೆ ಆ ಕ್ಯಾಲೆಂಡರು ಬಿದ್ದಿತ್ತು. ಅದಾಗಿ ಇವತ್ತಿಗೆ ಹನ್ನೊಂದು ದಿನ. ಹದಿನೇಳನೇ ತಾರೀಖಿನ ಸುತ್ತ ಅತ್ತಿಗೆ ಕೆಂಪು ಶಾಯಿಯಲ್ಲಿ ಸುತ್ತು ಹಾಕಿ, ಒಳಗೆ ಜಾಗ ಸಾಲದೆ ಹದಿನೆಂಟರ ಮೇಲೂ ಹತ್ತುವಂತೆ ‘ಆಪರೇಷನ್’ ಎಂದು ಬರೆದಿದ್ದಳು. ಅದರ ಕೆಳಗೆ, ಗ್ಯಾಸ್ ಸಿಲಿಂಡರ್ ಬರುವ ದಿನದ ಪಕ್ಕದಲ್ಲಿ, ಪೆನ್ಸಿಲಿನಲ್ಲಿ: ‘ಇಕ್ಕಳ, ಹತ್ತು ದಿನ ರೆಸ್ಟ್.’ ಇಕ್ಕಳ ಎಂದರೆ ಅವಳೇ. ಕೂಸಾಗಿದ್ದಾಗ ಅಪ್ಪನ ಹೆಬ್ಬೆರಳು ಹಿಡಿದರೆ ಬಿಡುತ್ತಿರಲಿಲ್ಲವಂತೆ. ಇದೇನು ಮಗುವೋ ಇಕ್ಕಳವೋ ಎಂದು ಅಪ್ಪ ನಕ್ಕದ್ದೇ ಹೆಸರಾಗಿ ಐವತ್ತೊಂದು ವರ್ಷದ ತನಕ ಅಂಟಿಕೊಂಡು ಬಂದಿತ್ತು. ಅವತ್ತು ಅವಳು ಸ್ಟೂಲು ಹತ್ತಿ ಫ್ಯೂಸ್ ಕಟ್ಟಿ, ದೀಪ ಬಂತಾ ಅತ್ತಿಗೆ ಎಂದು ಕೇಳಿ, ಹಿಂದುಗಡೆಯ ತನ್ನ ಕೋಣೆಗೆ ಬಂದು ಬಾಗಿಲು ಹಾಕಿಕೊಂಡಳು. ಆಮೇಲೆ ಹನ್ನೊಂದು ದಿನ ಆ ಪೆನ್ಸಿಲು ಅವಳ ತಲೆಯೊಳಗೆ ಗೀಚುತ್ತಲೇ ಇತ್ತು. ಕೆಂಪು ಶಾಯಿ ಅಣ್ಣನಿಗೆ, ಪೆನ್ಸಿಲು ತನಗೆ. ಬೇಡವೆಂದರೆ ಅಳಿಸಿಬಿಡಬಹುದೆಂದೇ? ಅದೂ ಅಲ್ಲ, ಬೇಡ ಎನ್ನುವುದು ಆ ಮನೆಯವರಾರ ತಲೆಗೂ ಹೊಕ್ಕಿರಲಿಲ್ಲ. ಕೈಗೆ ಪೆನ್ಸಿಲು ಸಿಕ್ಕಿತು, ಬರೆದರು, ಅಷ್ಟೆ.

ಯಾರೂ ಕೇಳಲಿಲ್ಲ. ಇದನ್ನು ಅವಳು ಹಿಂದಕ್ಕೆ ತಿರುಗಿಸಿ ತಿರುಗಿಸಿ ನೋಡಿದ್ದಳು, ಎಲ್ಲೋ ಒಂದು ಕಡೆ ಯಾರಾದರೂ ಕೇಳಿದ್ದು ತನಗೆ ಮರೆತಿರಬಹುದು ಎಂದು. ಅಣ್ಣನ ಎರಡೂ ಕಿಡ್ನಿ ಕೈಕೊಟ್ಟವು ಎಂದಾಗ ಮನೆಯಲ್ಲಿ ಎಲ್ಲರೂ ಕೂತಿದ್ದರು. ಅತ್ತಿಗೆಯ ರಕ್ತದ ಗುಂಪು ಕೂಡಿಬರಲಿಲ್ಲ, ಅದಕ್ಕೆ ಅತ್ತಿಗೆ ಅತ್ತಳು. ಆ ಅಳು ನಿಜವಾದದ್ದೇ. ಅಣ್ಣನ ಮಗನದು ಅಪ್ಪನದೇ ಗುಂಪು. ಇಪ್ಪತ್ತೇಳು ವರ್ಷ, ಬೆಳಿಗ್ಗೆ ಎದ್ದು ಆರು ಮೈಲಿ ಓಡುವವನು, ಓಡಿ ಬಂದು ಬೆವರೊರೆಸಿಕೊಂಡು ಒಂದು ಲೋಟ ಹಾಲು ಗಟಗಟ ಕುಡಿಯುವವನು. ಅವನ ಹೆಸರು ಬಂದ ಕೂಡಲೇ ಅತ್ತಿಗೆ, ‘ಅವನಿನ್ನೂ ಬಾಳಿ ಬದುಕಬೇಕಾದ ಹುಡುಗ’ ಎಂದಳು. ಹೇಳಿ, ಕಣ್ಣೊರೆಸಿಕೊಂಡು, ಕಿಟಕಿಯ ಕಡೆ ನೋಡಿದಳು. ಕಿಟಕಿಯ ಪಕ್ಕದಲ್ಲಿ ಇಕ್ಕಳ ಕೂತಿದ್ದಳು. ಎಲ್ಲರೂ ಕಿಟಕಿಯ ಕಡೆ ನೋಡಿದರು. ಮಾರನೇ ವಾರ ಅವಳ ರಕ್ತ ತೆಗೆದರು, ಆಮೇಲೆ ಮೂತ್ರ, ಆಮೇಲೆ ಮೈಯೆಲ್ಲ ಒಂದು ಕೊಳವೆಯೊಳಗೆ ತಳ್ಳಿ ಫೋಟೋ. ನರ್ಸು ‘ಮನೆಯಲ್ಲಿ ಯಾರ್ಯಾರಿದಾರೆ’ ಎಂದು ಅವಳನ್ನು ಕೇಳಿದ್ದಕ್ಕೆ ಅತ್ತಿಗೆಯೇ, ‘ಅವಳಿಗೇನು, ಒಂಟಿ ಜೀವ, ಹಿಂದಿಲ್ಲ ಮುಂದಿಲ್ಲ’ ಎಂದಿದ್ದಳು. ಹೊಗಳಿಕೆಯ ಧ್ವನಿಯಲ್ಲಿ, ಒಳ್ಳೆಯ ಮರದ ಹಲಗೆ ನೋಡಿ, ಇದರಲ್ಲಿ ಗಂಟೇ ಇಲ್ಲ ಎನ್ನುತ್ತಾರಲ್ಲ, ಹಾಗೆ. ಹಿತ್ತಲ ಗಿಡ ಮದ್ದಲ್ಲ ಎನ್ನುತ್ತಾರೆ ಜನ. ಈ ಮನೆಯಲ್ಲಿ ಹಿತ್ತಲ ಗಿಡವೇ ಮದ್ದು, ಅದಕ್ಕೇ ಅದಕ್ಕೆ ನೀರು ಹಾಕುವ ಪದ್ಧತಿಯಿರಲಿಲ್ಲ.

ಇವತ್ತು ಹನ್ನೊಂದು ಗಂಟೆಗೆ ಆಸ್ಪತ್ರೆ. ಕೊಡುವವರನ್ನು ಒಬ್ಬರನ್ನೇ ಕೂರಿಸಿಕೊಂಡು ಡಾಕ್ಟರು ಮಾತಾಡಬೇಕಂತೆ, ಅದು ನಿಯಮವಂತೆ. ‘ಸುಮ್ನೆ ಒಂದು ಸಹಿ, ಹತ್ತು ನಿಮಿಷದ ಕೆಲಸ’ ಎಂದು ಅತ್ತಿಗೆ ನಿನ್ನೆ ಹೇಳಿ, ಹೋಗುವಾಗ ಬಾಗಿಲಲ್ಲಿ ನಿಂತು, ‘ಹಾಗೇ ಬೆಳಿಗ್ಗೆ ಹಾಲ್‌ಗೆ ಹೋಗಿ ಆ ಆರ್ಗನ್ನು ನೋಡಿಬಿಡು, ಅದ್ಯಾವುದೋ ಸ್ವರ ಸತ್ತೋಗಿದೆಯಂತೆ, ಆಪರೇಷನ್ನಿಗೆ ಮುಂಚೆ ಇವರು ಒಂದ್ಸಲ ನುಡಿಸ್ಬೇಕು ಅಂತಿದಾರೆ’ ಎಂದಿದ್ದಳು. ಹಾಗೇ. ಎಲ್ಲವೂ ಹಾಗೇ. ದಾರಿಯಲ್ಲಿ ಹೋಗುವಾಗ ಹಾಗೇ ಒಂದು ರೀಡು, ಹಾಗೇ ಒಂದು ಕಿಡ್ನಿ.

ಸಂಗೀತ ಶಾಲೆಯ ಹಾಲಿನ ಬೀಗ ತೆಗೆಯುವ ಕಾವಲುಗಾರ ಅವಳ ಸಲಕರಣೆಯ ಚೀಲ ನೋಡಿ ಎದ್ದು ನಿಂತ. ಎಂದೂ ಎದ್ದು ನಿಂತವನಲ್ಲ.

‘ಏನಮ್ಮಾ, ನಿಮ್ಮಣ್ಣೋರಿಗೆ ನೀವೇ ಕೊಡ್ತಿದೀರಂತೆ. ಪುಣ್ಯ ಮಾಡಿದ್ರು ಬಿಡಿ.’

‘ಏನು ಕೊಡ್ತಿದೀನಂತೆ?’

ಅವನು ತನ್ನ ಹೊಟ್ಟೆಯ ಬಲಗಡೆ ಒಮ್ಮೆ ಮುಟ್ಟಿಕೊಂಡ, ಎಡಗಡೆ ಒಮ್ಮೆ ಮುಟ್ಟಿಕೊಂಡ. ‘ಅದೇ... ಲಿವರ್ರು.’

‘ಲಿವರ್ ಅಲ್ಲ.’

‘ಯಾವುದೋ ಒಂದು ಬಿಡಿ. ಒಳಗಿಂದು. ಹೊರಗೆ ಕಾಣೋದೇನಲ್ವಲ್ಲ.’ ಹೇಳಿ, ಬೀಗದ ಕೈ ಗೊಂಚಲಿನಿಂದ ಒಂದನ್ನು ಹೆಕ್ಕಿ ಬಾಗಿಲು ತೆರೆದ. ‘ಎಲ್ಲಾರೂ ಹೇಳ್ಕೊಂಡು ಓಡಾಡ್ತಿದಾರೆ. ತಂಗಿ ಅಂದ್ರೆ ಹಿಂಗಿರ್ಬೇಕು ಅಂತ.’

ಎಲ್ಲರಿಗೂ ಗೊತ್ತು. ಕಾವಲುಗಾರನಿಗೆ ಗೊತ್ತು. ತನ್ನೊಬ್ಬಳನ್ನೇ ಯಾರೂ ಕೇಳಿಲ್ಲ. ಪಿತ್ತ ನೆತ್ತಿಗೇರಿತು, ಆದರೆ ಪಾಪ, ಆ ಮುದುಕನ ಮೇಲೆ ಅದನ್ನು ಇಳಿಸುವುದೇ? ಅವಳು ಕುರ್ಚಿಗಳ ನಡುವೆ ನಡೆದುಹೋಗಿ ವೇದಿಕೆ ಹತ್ತಿದಳು. ಆರ್ಗನ್ನು ಗೋಡೆಗೆ ಬೆನ್ನು ಕೊಟ್ಟು ನಿಂತಿತ್ತು, ಹಳೆಯ ಬೀರುವಿನಷ್ಟು ದೊಡ್ಡದು, ಬೆರಳೊತ್ತುವ ಅರವತ್ತೊಂದು ಮನೆ, ಕೆಳಗೆ ಎರಡು ತುಳಿಹಲಗೆ. ಕಾಲಿನಿಂದ ತುಳಿದರೆ ಒಳಗಿನ ತಿದಿ ಉಸಿರೆಳೆಯುತ್ತದೆ, ಎಳೆದ ಉಸಿರು ರೀಡುಗಳ ಹಿತ್ತಾಳೆಯ ನಾಲಿಗೆಗಳನ್ನು ಸವರಿಕೊಂಡು ಹೋಗುತ್ತದೆ, ನಾಲಿಗೆ ನಡುಗಿ ನುಡಿಯುತ್ತದೆ. ಅಪ್ಪ ಇದನ್ನು ಇಪ್ಪತ್ತನಾಲ್ಕು ವರ್ಷ ನೋಡಿಕೊಂಡ, ಅಪ್ಪನ ನಂತರ ಅವಳು ಇಪ್ಪತ್ತಾರು ವರ್ಷ. ನುಡಿಸುವವನು ಅಣ್ಣ. ಅದನ್ನು ಯಾರೂ ಕೂತು ತೀರ್ಮಾನಿಸಿದ್ದಲ್ಲ. ಅಣ್ಣನಿಗೆ ಒಂಬತ್ತು ವರ್ಷವಾದಾಗ ಅಪ್ಪ ಅವನನ್ನು ಮುಂದೆ ಸ್ಟೂಲಿನ ಮೇಲೆ ಕೂರಿಸಿದ. ತಂಗಿಗೆ ಐದಾರು ವರ್ಷ ತುಂಬಿದಾಗ, ಕೈ ಗಟ್ಟಿಯಿತ್ತಲ್ಲ, ಅವಳ ಕೈಗೆ ಬ್ಯಾಟರಿ ಕೊಟ್ಟು ಹಿಂದೆ ನಿಲ್ಲಿಸಿಕೊಂಡ. ‘ನೇರ ಹಿಡಿಯೇ, ನೆರಳು ಬೀಳ್ತಿದೆ.’ ಬೆಳಕು ಹಿಡಿದು ಹಿಡಿದೇ ಕೆಲಸ ಕಲಿತಳು. ಆದರೆ ನೆರಳು ಎಂಬ ಮಾತು ಎಲ್ಲಿ ಕೇಳಿದರೂ ಇವತ್ತಿಗೂ ಅವಳ ಮೊಣಕೈ ತಾನಾಗಿ ಮೇಲೇಳುತ್ತದೆ.

ತುಳಿದು, ಮಧ್ಯದ ಪಂಚಮದ ಮನೆ ಒತ್ತಿದಳು. ಉಸಿರು ಮಾತ್ರ ಹೋಯಿತು. ರೀಡು ಹೊರಗೆಳೆದು ನೋಡಿದರೆ ನಾಲಿಗೆ ಬುಡದಲ್ಲೇ ಮುರಿದಿದೆ. ಅಣ್ಣನಿಗೆ ಪಂಚಮದ ಮೇಲೆ ನಿಲ್ಲುವುದೆಂದರೆ ಪ್ರಾಣ. ನಿಂತು, ಕಣ್ಣುಮುಚ್ಚಿ, ಜನ ತಲೆದೂಗುವ ತನಕ ಬಿಡುವವನಲ್ಲ. ಈ ಮನೆಯ ನಾಲಿಗೆ ಅವನ ಕಾಲದಲ್ಲಿ ಮುರಿದದ್ದು ಇದು ಎರಡನೆಯ ಸಲ. ಅವಳು ರೀಡು ಕೀಳುವ ಕೊಕ್ಕೆ ತೆಗೆದುಕೊಂಡು, ಬ್ಯಾಟರಿ ಹಲ್ಲಲ್ಲಿ ಕಚ್ಚಿಕೊಂಡು ಆರ್ಗನ್ನಿನ ಹಿಂದೆ ಹೋದಳು, ಕಾಲು ತಾನಾಗಿ ಹೋಯಿತು. ಏಕೆಂದರೆ ಈ ಆರ್ಗನ್ನಿನಲ್ಲಿ ರೀಡುಗಳು ಎರಡು ಸಾಲು. ಪ್ರತಿ ಮನೆಗೂ ಮುಂದೊಂದು, ಹಿಂದೊಂದು. ಅಳತೆ ಒಂದೇ, ಸ್ವರ ಒಂದೇ. ಹಿಂದಿನ ಸಾಲಿನ ದನಿ ತುಸು ಮೆದು. ಅದು ಹಾಡಬೇಕಾದರೆ ಮುಂದುಗಡೆ ಅದರದೇ ಎಳೆಗುಂಡಿ ಎಳೆಯಬೇಕು, ಅಣ್ಣ ಅದನ್ನು ಎಳೆದವನಲ್ಲ. ಅವನಿಗೆ ಮುಂದಿನ ಸಾಲಿನ ಹರಿತವೇ ಇಷ್ಟ. ಹಾಗಾಗಿ ಮುಂದೆ ಯಾವ ರೀಡು ಸತ್ತರೂ ಹಿಂದಿನಿಂದ ಅದೇ ಸ್ವರದ್ದನ್ನು ಕಿತ್ತು ಮುಂದಕ್ಕೆ ಸೇರಿಸಿಬಿಡುವುದು ಅಪ್ಪನ ಪದ್ಧತಿ. ಹೊಸದಕ್ಕೆ ಬರೆದು ತಿಂಗಳುಗಟ್ಟಲೆ ಕಾಯುವ ಗೋಜಿಲ್ಲ, ಶ್ರುತಿಗೆ ತರಲು ಅರ ಹಾಕಿ ಉಜ್ಜುವ ಗೋಜಿಲ್ಲ, ಅರ್ಧ ಗಂಟೆಯಲ್ಲಿ ಕೆಲಸ ಮುಗಿಯಿತು. ‘ಎರಡಿದೆಯಲ್ಲ,’ ಎನ್ನುತ್ತಿದ್ದ ಅಪ್ಪ, ‘ಒಂದು ಹಾಡ್ತದೆ, ಇನ್ನೊಂದು ಕಾಯ್ತದೆ.’ ಎಷ್ಟು ಚೆಂದದ ಮಾತು ಎಂದು ಅವಳೂ ಅದನ್ನು ಬಂದವರಿಗೆಲ್ಲ ಹೇಳಿಕೊಂಡು ತಿರುಗಿದ್ದಳು.

ಹಿಂದಿನ ಹಲಗೆ ಬಿಚ್ಚಿ ಬೆಳಕು ಬಿಟ್ಟಳು. ಪಂಚಮದ ಗೂಡು ಖಾಲಿ. ಅದು ಗೊತ್ತಿದ್ದದ್ದೇ ಅಲ್ಲವೇ, ಹನ್ನೆರಡು ವರ್ಷದ ಹಿಂದೆ ಅವಳೇ ಅಲ್ಲವೇ ಕಿತ್ತದ್ದು. ಅದರ ಪಕ್ಕದ್ದೂ ಖಾಲಿ. ಅದರಾಚೆ ಎರಡು ಇವೆ, ಮತ್ತೆ ಒಂದು ಖಾಲಿ, ಮತ್ತೆ ಮೂರು ಖಾಲಿ. ಹಲ್ಲುದುರಿದ ಬಾಯಿಯ ಹಾಗೆ ಆ ಸಾಲು ಅವಳನ್ನು ನೋಡಿತು. ಪ್ರತಿ ಗೂಡೂ ನೆನಪಿತ್ತು: ಇದು ಅಣ್ಣನ ಮೊದಲ ಕಛೇರಿಯ ಹಿಂದಿನ ದಿನ, ಇದು ಅವನ ಮದುವೆಯ ವರ್ಷ, ಇದು ಅಮ್ಮ ಆಸ್ಪತ್ರೆಯಲ್ಲಿದ್ದಾಗ, ಅಮ್ಮನ ಹಾಸಿಗೆಯ ಪಕ್ಕದಿಂದ ಎದ್ದು ಬಂದು ಕಿತ್ತು ಸೇರಿಸಿ ಹೋದದ್ದು. ಆರ್ಗನ್ನು ಹೊಸದಾಗಿ ಪೆಟ್ಟಿಗೆಯಿಂದ ಇಳಿದ ದಿನ ಅಪ್ಪ ಎರಡೂ ಗುಂಡಿ ಎಳೆದು, ಎರಡೂ ಸಾಲು ಕೂಡಿಸಿ ಒಮ್ಮೆ ನುಡಿಸಿ ನೋಡಿದ್ದ. ಆಗ ಅವಳಿಗೆ ಒಂದು ವರ್ಷವೂ ಇರಲಾರದು ಎಂದು ಅಮ್ಮ ವಾದಿಸುತ್ತಿದ್ದಳು, ನಿನಗೆ ನೆನಪಿರೋಕೆ ಸಾಧ್ಯವೇ ಇಲ್ಲ ಅನ್ನುತ್ತಿದ್ದಳು. ಆದರೆ ನೆನಪಿದೆ. ಆ ಮರಕ್ಕೆ ಬೆನ್ನು ಕೊಟ್ಟು ಕೂತದ್ದು, ಹಿಂದಿನ ದನಿ ಬಟ್ಟೆ ದಾಟಿ, ಚರ್ಮ ದಾಟಿ, ಪಕ್ಕೆಲುಬು ಮುಗಿಯುವ ಆ ಎರಡು ಮೆತ್ತನೆಯ ಜಾಗಗಳಿಗೆ ಬಂದು ಕೂತದ್ದು. ಆಮೇಲೆ ಎಂದೂ ಕೇಳಲಿಲ್ಲ. ಕೇಳದ ಹಾಗೆ ಮಾಡಿದವಳು ತಾನೇ. ಅಪ್ಪ ಆರು ಕಿತ್ತಿದ್ದ, ಉಳಿದ ಹದಿನೈದು ತನ್ನ ಕೈಯವು. ಇದು ತಿಳಿದು ಸಿಟ್ಟು ಇಳಿಯಬೇಕಿತ್ತು, ಯಾರ ಮೇಲೆ ಹೋಗುವುದೆಂದು ತಿಳಿಯದೆ ಇನ್ನಷ್ಟು ಏರಿತು. ಖಾಲಿ ಗೂಡಿಗೆ ಬೆರಳು ಹಾಕಿ ನೋಡಿದಳು. ಧೂಳು. ಹೊರಗೆ ಅಣ್ಣನ ಮಗ ಕಾರಿನ ಹಾರ್ನು ಒತ್ತಿದ, ಎರಡು ಸಲ, ಕಸದ ಗಾಡಿಯವರು ಒತ್ತುವ ಹಾಗೆ.

ಕಾರಿನಲ್ಲಿ ಅಣ್ಣ ಮುಂದೆ ಕೂತಿದ್ದ. ಮುಖ ಬೂದಿ ಬಣ್ಣಕ್ಕೆ ತಿರುಗಿ, ಕಣ್ಣಿನ ಕೆಳಗೆ ಊದಿಕೊಂಡು, ಕಾಲರಿನೊಳಗೆ ಕತ್ತು ಸಣ್ಣದಾಗಿತ್ತು. ಅವನನ್ನು ನೋಡಿ ಅವಳ ಕರುಳು ಚುರ್ ಅಂದಿತು, ಚುರ್ ಅಂದದ್ದಕ್ಕೆ ಆ ಕರುಳಿನ ಮೇಲೆಯೇ ಕೋಪ ಬಂತು. ಇವನೇನು ಕೆಟ್ಟವನೇ, ಅಲ್ಲ. ಕೆಟ್ಟವನಾಗಿದ್ದರೆ ಎಷ್ಟು ಸಲೀಸಾಗಿರುತ್ತಿತ್ತು. ಡಯಾಲಿಸಿಸ್ ಸೂಜಿಗೆಂದು ಅವನ ಎಡ ಮುಂಗೈಯಲ್ಲಿ ಎರಡು ರಕ್ತನಾಳಗಳನ್ನು ಸೇರಿಸಿ ಹೊಲಿದಿದ್ದರು, ಅಲ್ಲಿ ಬೆರಳಿಟ್ಟರೆ ಒಳಗೆ ರಕ್ತ ಗುಂಯ್ ಎನ್ನುವುದು ಸಿಗುತ್ತದೆ. ಹೊಲಿದ ಹೊಸತರಲ್ಲಿ ಅವನು ಹಿಂದುಗಡೆಯ ಕೋಣೆಗೆ ಬಂದು, ಅಂಗಿಯ ತೋಳು ಮಡಚಿ ಕೈ ಚಾಚಿದ್ದ. ‘ಇಕ್ಳಾ, ಶ್ರುತಿ ನೋಡು. ಯಾವ ಮನೆ ಇದು?’ ಅವಳು ಬೆರಳಿಟ್ಟು, ಕಣ್ಣುಮುಚ್ಚಿ, ಕೇಳಿ, ‘ಕೆಳಗಿನ ಷಡ್ಜಕ್ಕೆ ಸ್ವಲ್ಪ ಇಳಿಮುಖ’ ಎಂದಿದ್ದಳು. ಇಬ್ಬರೂ ಬಿದ್ದು ಬಿದ್ದು ನಕ್ಕಿದ್ದರು. ‘ಅರ ಹಾಕಿ ಸರಿ ಮಾಡೇ ಹಾಗಾದ್ರೆ’ ಎಂದಿದ್ದ. ಅವತ್ತು ಕೇಳಿದ್ದರೆ, ಆ ನಗೆಯ ನಡುವೆ ಒಂದೇ ಒಂದು ಮಾತು, ಕೊಡ್ತೀಯೇನೇ ಅಂತ, ಹಾಂ ಅಂದುಬಿಡುತ್ತಿದ್ದಳು. ಆದರೆ ಅವನು ಎದ್ದು ಹೋದ. ಕೇಳುವಂಥದ್ದು ಏನಾದರೂ ಇದೆ ಎಂದೇ ಅವನಿಗೆ ಹೊಳೆದಿರಲಿಲ್ಲ. ತುಳಿದರೆ ಗಾಳಿ ಬರುತ್ತದೆ, ಒತ್ತಿದರೆ ಸ್ವರ ಬರುತ್ತದೆ. ಹಿಂದೆ ಯಾರು ಏನು ಕಿತ್ತರು ಎಂದು ನುಡಿಸುವವರು ನೋಡುತ್ತಾರೆಯೇ.

‘ಪಂಚಮ ಆಯ್ತಾ?’ ಅಣ್ಣ ತಿರುಗದೆ ಕೇಳಿದ.

‘ಇಲ್ಲ.’

‘ಸಂಜೆ ಮಾಡ್ತೀಯಲ್ಲ.’

ಅದು ಪ್ರಶ್ನೆಯಲ್ಲ. ಅತ್ತಿಗೆ ಅವಳ ತೊಡೆ ತಟ್ಟಿದಳು. ‘ನೋಡು, ಆ ಡಾಕ್ಟ್ರು ಏನೇನೋ ಕೇಳ್ತಾಳಂತೆ, ಬಲವಂತ ಇದ್ಯಾ, ಅದಿದ್ಯಾ ಇದಿದ್ಯಾ ಅಂತ. ಎಲ್ಲಾದಕ್ಕೂ ಇಲ್ಲ ಇಲ್ಲ ಅನ್ನು, ಆಯ್ತು. ಜಾಸ್ತಿ ಎಳೀಬೇಡ, ಇವರಿಗೆ ಮಧ್ಯಾಹ್ನದ ಮಾತ್ರೆ ಇದೆ.’

‘ಬಲವಂತ ಇಲ್ವಾ ಅತ್ತಿಗೆ?’

‘ಏನಂದೆ?’

‘ಏನಿಲ್ಲ.’

ಅಣ್ಣನ ಮಗ ಕನ್ನಡಿಯಲ್ಲಿ ಅವಳನ್ನು ನೋಡಿ ಚಕ್ಕನೆ ಕಣ್ಣು ತೆಗೆದ. ಅವನಿಗೆ ಗೊತ್ತು, ಎಂದುಕೊಂಡಳು. ಈ ಕಾರಿನಲ್ಲಿ ನಾಲ್ಕೇ ಜನ, ಅದರಲ್ಲಿ ನಾಚಿಕೆಯಾಗುತ್ತಿರುವುದು ಇವನೊಬ್ಬನಿಗೆ. ಬೇರೇನೂ ಸಿಗದಿದ್ದರೆ ಅವನ ನಾಚಿಕೆಯನ್ನೇ ಹೊಟ್ಟೆಗೆ ಹಾಕಿಕೋ. ಹೊಟ್ಟೆಗೆ ಹಾಕಿಕೋ ಎಂಬುದು ಅಮ್ಮನ ಮಾತು. ಅಣ್ಣ ಸ್ಲೇಟು ಒಡೆದರೆ, ಹೋಗ್ಲಿ ಬಿಡು, ಹೊಟ್ಟೆಗೆ ಹಾಕ್ಕೋ. ನೋಡಲು ಬಂದ ಗಂಡು, ಹುಡುಗಿ ಕೈ ನೋಡಿ, ಇದೇನು ಬಡಗಿ ಕೈ ಇದ್ದಂಗಿದೆ ಎಂದು ಎದ್ದುಹೋದರೆ, ಹೊಟ್ಟೆಗೆ ಹಾಕ್ಕೋ. ಐವತ್ತೊಂದು ವರ್ಷ ಹಾಕಿಕೊಂಡೇ ಬಂದಳು. ಒಳ್ಳೆಯ ಉಗ್ರಾಣ. ಈಗ ಆ ಹೊಟ್ಟೆಯಿಂದಲೇ ತೆಗೆಯುವುದಕ್ಕೆ ಬಂದಿದ್ದಾರೆ, ಬೀಗದ ಕೈ ಕೂಡ ಕೇಳದೆ.

ಡಾಕ್ಟರು ಅವಳಿಗಿಂತ ಇಪ್ಪತ್ತು ವರ್ಷ ಚಿಕ್ಕವಳು. ಕೋಣೆಯಲ್ಲಿ ಒಂದು ಮೇಜು, ಎರಡು ಕುರ್ಚಿ, ಗೋಡೆಯ ಮೇಲೆ ಬೆನ್ನು ಕೊಯ್ದು ತೋರಿಸಿದ ಒಂದು ಚಿತ್ರ, ಅದರಲ್ಲಿ ಎರಡು ಹುರುಳಿಕಾಳು. ಬಾಗಿಲು ಹಾಕಿ, ಚಿಲಕವನ್ನೂ ಹಾಕಿ, ಫೈಲು ತೆರೆದು ಡಾಕ್ಟರು ಓದಿದಳು. ‘ಎಲ್ಲಾ ಚೆನ್ನಾಗಿದೆ. ನಿಮ್ಮ ವಯಸ್ಸಿಗೆ ಇಷ್ಟು ಚೆನ್ನಾಗಿರೋದು ಅಪರೂಪ. ಎರಡರಲ್ಲಿ ಒಂದು ಕೊಟ್ರೂ ಇನ್ನೊಂದರಲ್ಲೇ ಜನ ಆರಾಮಾಗಿ ಇರ್ತಾರೆ. ಅದು ನಿಮಗೆ ಹೇಳಿರ್ಬೇಕಲ್ಲ.’

‘ಹೇಳಿದಾರೆ. ಒಂದು ಹಾಡ್ತದೆ, ಇನ್ನೊಂದು ಕಾಯ್ತದೆ.’

‘ಹಾಗಲ್ಲ,’ ಡಾಕ್ಟರು ಪೆನ್ನು ಕೆಳಗಿಟ್ಟಳು, ‘ಎರಡೂ ಕೆಲಸ ಮಾಡ್ತಿರ್ತವೆ. ಕಾಯೋದು ಅಂತ ಯಾವುದೂ ಇಲ್ಲ. ಒಂದನ್ನ ತೆಗೆದ್ರೆ ಇನ್ನೊಂದು ಹೆಚ್ಚಿಗೆ ದುಡೀಬೇಕು, ಅಷ್ಟೆ.’

ಅವಳು ಚಿತ್ರ ನೋಡಿದಳು. ಐವತ್ತೊಂದು ವರ್ಷ ಅಪ್ಪನ ಮಾತನ್ನು ಗಾದೆಯ ಹಾಗೆ ಬಾಯಲ್ಲಿಟ್ಟುಕೊಂಡಿದ್ದಾಯಿತು. ಕಾಯುವುದು ಅಂತ ಯಾವುದೂ ಇಲ್ಲ. ಇಷ್ಟು ಸಣ್ಣ ಮಾತು, ಇದನ್ನು ಹೇಳಲು ಚಿಲಕ ಹಾಕಿದ ಕೋಣೆ ಬೇಕಾಯಿತೇ?

‘ಈಗ ನಾನು ಕೇಳೋದಕ್ಕೆ ನೀವೇ ಉತ್ತರ ಹೇಳ್ಬೇಕು,’ ಡಾಕ್ಟರು ಮುಂದೆ ಬಾಗಿದಳು. ‘ಕೊಡೋಕೆ ನಿಮಗೆ ಇಷ್ಟ ಇದೆಯಾ?’

ಹಾಂ ಎಂಬುದು ಗಂಟಲಿಗೆ ಬಂದೇಬಿಟ್ಟಿತ್ತು, ಕೈಗೆ ಬ್ಯಾಟರಿ ಕೊಟ್ಟರೆ ಬೆರಳು ಮುಚ್ಚಿಕೊಳ್ಳುವ ಹಾಗೆ. ಅದು ತನ್ನ ಮಾತಲ್ಲ ಎಂದು ಅವಳಿಗೆ ಆ ಕ್ಷಣ ತಿಳಿಯಿತು. ನುಂಗಿದಳು. ಮೊದಲ ಸಲ ಒಬ್ಬರು ಕೇಳಿದ್ದಾರೆ, ಅದೂ ಸಂಬಂಧವಿಲ್ಲದವರು, ಅದೂ ನಿಯಮವಿದೆ ಎಂದು.

‘ಇಲ್ಲ,’ ಎಂದಳು.

ಡಾಕ್ಟರಿಗೆ ಆಶ್ಚರ್ಯವಾಗಲಿಲ್ಲ. ಇನ್ನೂ ತಗ್ಗಿದ ದನಿಯಲ್ಲಿ, ‘ಹೆದರ್ಬೇಡಿ. ಇದು ಈ ಕೋಣೆ ದಾಟಿ ಹೋಗಲ್ಲ. ಹೊರಗೆ ನಾವು ವೈದ್ಯಕೀಯ ಕಾರಣಕ್ಕೆ ಹೊಂದಲ್ಲ ಅಂತಷ್ಟೆ ಹೇಳ್ತೀವಿ. ಕಾರಣ ಏನು ಅಂತ ಅವರಿಗೆ ಹೇಳೋ ಹಾಗಿಲ್ಲ. ನಿಮ್ಮ ಮೇಲೆ ಯಾರೂ ಬೊಟ್ಟು ಮಾಡೋ ಹಾಗಿರಲ್ಲ. ಬೇಕಾದಷ್ಟು ಜನ ಹೀಗೇ ಮಾಡ್ತಾರೆ,’ ಎಂದಳು.

ಒಳ್ಳೆಯ ಹುಡುಗಿ. ದಾರಿ ತೋರಿಸುತ್ತಿದ್ದಾಳೆ, ಹಿತ್ತಲ ಬಾಗಿಲಿನ ದಾರಿ. ಕೇಳುತ್ತಿದ್ದವಳಿಗೆ ಒಂದು ಗಳಿಗೆ ಎಷ್ಟು ಹಗುರಾಯಿತೆಂದರೆ ಕುರ್ಚಿಯ ಹಿಂದಕ್ಕೆ ಒರಗಿದಳು. ಅತ್ತಿಗೆ ನಿಟ್ಟುಸಿರಿಟ್ಟು, ಪಾಪ ಇಕ್ಕಳಕ್ಕೂ ಒಳಗೆ ಏನೋ ಕೆಟ್ಟಿದೆಯಂತೆ ಎನ್ನುತ್ತಾಳೆ. ಕಾವಲುಗಾರನಿಗೆ ಸುದ್ದಿ ಮುಟ್ಟುತ್ತದೆ. ಅಣ್ಣ ತಲೆ ಸವರಿ, ಹೋಗ್ಲಿ ಬಿಡೇ, ನಿನ್ನ ಕೈಲೇನಿದೆ ಎನ್ನುತ್ತಾನೆ. ನಿನ್ನ ಕೈಲೇನಿದೆ. ಕೂತ ಹಾಗೇ ಮೈಯೆಲ್ಲ ಉರಿದುಹೋಯಿತು. ಕೊಟ್ಟರೆ ಕೇಳದೇ ಕಿತ್ತ ರೀಡು, ಕೊಡದಿದ್ದರೆ ನಾಲಿಗೆ ಮುರಿದ ರೀಡು. ಇಡೀ ಜನ್ಮದಲ್ಲಿ ಒಂದು ಸಲ ಇಲ್ಲ ಅಂದದ್ದನ್ನೂ ಕಾಯಿಲೆ ಎಂದು ಬರೆದುಕೊಳ್ಳಬೇಕೇ?

‘ಡಾಕ್ಟ್ರೇ, ಇಲ್ಲದ ಕಾಯಿಲೆ ನನಗ್ಯಾಕೆ ಅಂಟಿಸ್ತೀರಿ?’

‘ಅಂಟಿಸೋದಲ್ಲ, ನಿಮ್ಮ ಒಳ್ಳೇದಕ್ಕೆ...’

‘ಚೆನ್ನಾಗಿದೆ ಅಂದ್ರಲ್ಲ. ಅಪರೂಪ ಅಂದ್ರಲ್ಲ. ಹಾಗೇ ಬರೀರಿ. ಚೆನ್ನಾಗಿದೆ, ಕೊಡಲ್ಲ ಅಂದ್ಲು ಅಂತ.’

‘ಹೊರಗೆ ನಿಮಗೇ ಕಷ್ಟ ಆಗುತ್ತೆ.’

‘ನನ್ನ ಕಷ್ಟ ಅಲ್ವಾ? ಅದಾದ್ರೂ ನನ್ನ ಹತ್ರ ಇರ್ಲಿ.’ ಎದ್ದವಳು ಬಾಗಿಲ ಬಳಿ ನಿಂತಳು. ಕೇಳದೇ ಹೋಗಲಾಗಲಿಲ್ಲ. ‘ಅವನು... ಎಷ್ಟು ದಿನ?’

‘ಡಯಾಲಿಸಿಸ್ ಮೇಲೆ ವರ್ಷಗಟ್ಲೆ ಇರ್ತಾರೆ. ಸುಲಭ ಅಂತ ಹೇಳಲ್ಲ. ಸತ್ತೋರು ಕೊಡೋ ಪಟ್ಟೀಲಿ ಹೆಸರು ಬರೆಸ್ಬಹುದು. ಮನೇಲಿ ಬೇರೆ ಯಾರಾದ್ರೂ ಇದ್ರೆ ಅವರನ್ನೂ ನೋಡ್ಬಹುದು, ಅವರಿಗೆ ಇಷ್ಟ ಇದ್ರೆ.’ ಚಿಲಕ ತೆಗೆಯುತ್ತ ಡಾಕ್ಟರು, ‘ಕೇಳ್ಬೇಕು ಮೊದ್ಲು,’ ಎಂದಳು.

ಹೊರಗೆ ಉದ್ದನೆಯ ಬೆಂಚಿನ ಮೇಲೆ ಮೂವರೂ ಸಾಲಾಗಿ ಕೂತಿದ್ದರು. ಅತ್ತಿಗೆ ಮಾತ್ರೆಯ ಡಬ್ಬಿ ಮುಚ್ಚುತ್ತ, ‘ಆಯ್ತಾ ಸಹಿ?’ ಎಂದಳು.

‘ಡಾಕ್ಟ್ರು ಚೆನ್ನಾಗಿದೆ ಅಂದ್ರು. ಎರಡೂ ಚೆನ್ನಾಗಿವೆಯಂತೆ. ನಾನು ಕೊಡಲ್ಲ ಅಂದೆ.’

ಅತ್ತಿಗೆ ನಕ್ಕಳು. ತಮಾಷೆ ಎಂದುಕೊಂಡದ್ದು. ಆಮೇಲೆ ಮುಖ ನೋಡಿ ನಗು ನಿಂತಿತು. ‘ಏನು ಆಟ ಆಡ್ತಿದೀಯಾ? ಹದಿನೇಳಕ್ಕೆ ಎಲ್ಲಾ ಗೊತ್ತಾಗಿದೆ. ರೂಮು ಹೇಳಿದೀವಿ. ನಿನಗೆ ಅಂತ ಕೆಳಗಿನ ಮಂಚ ಹಾಕ್ಸಿದೀನಿ ನಾನು.’

‘ಮಂಚ ಹಾಕ್ಸಿದ್ರಿ. ಕೇಳಿದ್ರಾ?’

‘ಒಡಹುಟ್ಟಿದೋರಲ್ಲಿ ಕೇಳೋದೇನೇ, ಹೇಳೋದೇನೇ? ನಾಳೆ ಇವರಿಗೆ ಏನಾದ್ರೂ ಆದ್ರೆ ಆ ಎರಡನ್ನೂ ಇಟ್ಕೊಂಡು ನೀನೇನು ಮಾಡ್ತೀಯಾ? ಯಾರಿಗೆ ಬೇಕು ಅದು?’

‘ನನಗೆ,’ ಎಂದಳು. ಬೇರೆ ಏನೋ ಹೇಳಬೇಕೆಂದಿದ್ದಳು, ಇನ್ನೂ ಖಾರವಾದದ್ದು, ಬಾಯಿಂದ ಇಷ್ಟೇ ಬಂತು. ಪಕ್ಕದ ಬೆಂಚಿನವರು ಕತ್ತು ತಿರುಗಿಸಿದರು. ಅಣ್ಣನ ಮಗ ಫೋನಿನೊಳಗೆ ಇಳಿದುಹೋಗಿದ್ದ, ಕಿವಿ ಕೆಂಪಾಗಿತ್ತು. ಅಣ್ಣ ಮಾತ್ರ ತನ್ನ ಎಡಗೈಯ ಆ ಹೊಲಿಗೆಯ ಮೇಲೆ ಬಲಗೈ ಬೆರಳಿಟ್ಟುಕೊಂಡು, ಯಾರದೋ ನಾಡಿ ನೋಡುವವನ ಹಾಗೆ ಕೂತಿದ್ದ. ಅವನು ಬೈದಿದ್ದರೆ ಅವಳು ನಿಂತು ಜಗಳವಾಡುತ್ತಿದ್ದಳು. ಚೀಲ ಹೆಗಲಿಗೇರಿಸಿ ಹೊರಟಳು.

ಹಾಲಿಗೆ ನಡೆದೇ ಬಂದಳು. ಮಧ್ಯಾಹ್ನದ ಬಿಸಿಲು ಕುರ್ಚಿಗಳ ಮೇಲೆ ಅಡ್ಡಡ್ಡ ಬಿದ್ದಿತ್ತು. ಊಟವಿಲ್ಲ, ಹಸಿವೂ ಇಲ್ಲ. ಬಿಚ್ಚಿಟ್ಟ ಹಿಂದಿನ ಹಲಗೆಯ ಮುಂದೆ ನೆಲದ ಮೇಲೆ ಕೂತು ಖಾಲಿ ಗೂಡುಗಳನ್ನು ಕುಂಚದಿಂದ ಒಂದೊಂದಾಗಿ ಗುಡಿಸಿದಳು. ನಾಲ್ಕು ಗಂಟೆಯ ಹೊತ್ತಿಗೆ ವೇದಿಕೆಯ ಮೆಟ್ಟಿಲು ಹತ್ತುವ ಸದ್ದಾಯಿತು, ಒಂದೊಂದಕ್ಕೂ ನಿಂತು ಉಸಿರು ತೆಗೆದುಕೊಳ್ಳುವ ಹೆಜ್ಜೆ. ಅವಳು ತಿರುಗಲಿಲ್ಲ. ಅವನು ಮುಂದುಗಡೆ ಸ್ಟೂಲಿನ ಮೇಲೆ ಕೂತ. ಇಬ್ಬರ ನಡುವೆ ಆರ್ಗನ್ನು. ಚಿಕ್ಕಂದಿನಿಂದಲೂ ಹೀಗೇ.

ತುಳಿದ. ನುಡಿಸತೊಡಗಿದ. ಇಂಥ ಹೊತ್ತಿನಲ್ಲಿಯೂ ಅವನಿಗೆ ನುಡಿಸುವುದೇ ಹೊಳೆಯುತ್ತದಲ್ಲ ಎಂದು ಅವಳು ಕುಂಚವನ್ನು ಇನ್ನಷ್ಟು ಒತ್ತಿ ಗುಡಿಸಿದಳು. ಪಂಚಮಕ್ಕೆ ಬಂದು ನಿಂತ, ಉಸಿರು ಹೋಯಿತು. ‘ಇದಿನ್ನೂ ಆಗ್ಲಿಲ್ವಾ,’ ಎಂದ.

ಅವಳು ಎದ್ದು ಮುಂದೆ ಬಂದಳು. ಅವನ ಭುಜದ ಮೇಲಿಂದ ಕೈ ಹಾಕಿ ಮುಂದಿನ ಸಾಲಿನ ಗುಂಡಿ ಒಳಗೆ ತಳ್ಳಿ, ಹಿಂದಿನ ಸಾಲಿನದನ್ನು ಎಳೆದಳು. ಅದು ಕಿರ್ರೆಂದು ಬಂತು.

‘ಈಗ ನುಡಿಸು.’

‘ಇದು ಯಾವುದು?’

‘ನುಡಿಸು ಅಂದೆ.’

ಅವನು ಅದನ್ನೇ ಮತ್ತೆ ಮೊದಲಿನಿಂದ ಹಿಡಿದ. ಎರಡು ಸ್ವರ ಬಂದವು, ಮೆತ್ತಗೆ, ಪಕ್ಕದ ಕೋಣೆಯಲ್ಲಿ ಯಾರೋ ಮಾತಾಡಿದಂತೆ. ಮೂರನೆಯದಕ್ಕೆ ಗಾಳಿ. ನಾಲ್ಕನೆಯದು ಬಂತು. ಐದು, ಆರು, ಗಾಳಿ, ಗಾಳಿ. ಅವನು ನಿಲ್ಲಿಸಲಿಲ್ಲ; ಕೈಗೆ ಬಂದ ರೂಢಿಯಲ್ಲಿ ಪೂರ್ತಿ ಒಂದು ಸುತ್ತು ಮುಗಿಸಿದ, ಹಾಡಿಗಿಂತ ತೂತೇ ಹೆಚ್ಚಾದ ಆ ಹಾಡನ್ನು. ಬೆರಳು ತೆಗೆದ ಮೇಲೂ ತಿದಿಯಲ್ಲಿ ಉಳಿದದ್ದು ಸ್ವಲ್ಪ ಹೊತ್ತು ಏದುತ್ತಿತ್ತು.

‘ಎಲ್ಲಿ ಹೋದ್ವು?’

‘ನಿನ್ನ ಮುಂದಿನ ಸಾಲಿಗೆ.’

‘ಎಲ್ಲಾನೂ?’

‘ಇಪ್ಪತ್ತೊಂದು. ಆರು ಅಪ್ಪ, ಹದಿನೈದು ನಾನು.’

‘ನನಗೆ ಹೇಳ್ಲೇ ಇಲ್ಲ.’

‘ನೀನು ಕೇಳ್ಲಿಲ್ಲ.’

ಅವನು ಮನೆಗಳನ್ನು ನೋಡುತ್ತ ಕೂತ. ಕತ್ತಿನ ಹಿಂಭಾಗ ಕಾಲರಿನಿಂದ ಎದ್ದು ಕಾಣುತ್ತಿತ್ತು, ಅಲ್ಲಿ ಕೂದಲು ಸರಿಯಾಗಿ ಕತ್ತರಿಸಿರಲಿಲ್ಲ. ತಿರುಗದೆಯೇ, ‘ಈಗ ಕೇಳಿದ್ರೆ?’ ಎಂದ.

ದನಿ ಎಷ್ಟು ಸಣ್ಣದಾಗಿತ್ತೆಂದರೆ ಅವಳಿಗೆ ಅದು ಬೇಡವಾಗಿತ್ತು, ಈ ದನಿ ತನಗೆ ಕೇಳಿಸಬಾರದಿತ್ತು. ಹಾಂ ಎಂಬುದು ಮತ್ತೆ ಬಂತು, ಈ ಸಲ ಎಲುಬಿನಿಂದಲೇ ಬಂತು.

‘ಈಗ ಕೇಳಿದ್ರೂ ಇಲ್ಲ,’ ಎಂದಳು. ‘ಇನ್ನೊಂದ್ಸಲ ಕೇಳ್ಬೇಡ ಅಣ್ಣ. ಮನೇಲಿ ಮಗ ಇದಾನೆ, ಅವನನ್ನ ಕೇಳು. ಅವನು ಇಲ್ಲ ಅಂದ್ರೆ ಅವನಿಗೂ ಬಾಯಿದೆ ಅಂತ ತಿಳ್ಕೋ. ಪಟ್ಟೀಲಿ ಹೆಸರು ಬರೆಸು. ಡಯಾಲಿಸಿಸ್‌ಗೆ ವಾರಕ್ಕೆ ಮೂರು ದಿನ ನಾನ್ ಬರ್ತೀನಿ, ಪಕ್ಕದಲ್ಲಿ ಕೂತ್ಕೋತೀನಿ. ಅದನ್ನ ಯಾರೂ ಕೇಳ್ಬೇಕಾಗಿಲ್ಲ.’

ಅವನು ತಲೆಯಾಡಿಸಿದ. ಒಪ್ಪಿದನೋ, ಕೇಳಿಸಿತು ಎಂದನೋ. ಆಮೇಲೆ ‘ಪಂಚಮ?’ ಎಂದು ಕೇಳಿ, ಕೇಳಿದ್ದಕ್ಕೆ ತಾನೇ ಸ್ವಲ್ಪ ಹೆದರಿದವನಂತೆ ಅವಳ ಮುಖ ನೋಡಿದ.

‘ಹೊಸದು ತರಿಸ್ಬೇಕು. ಬರೋದಕ್ಕೆ ತಿಂಗಳುಗಟ್ಲೆ ಆಗುತ್ತೆ. ಅಲ್ಲೀವರೆಗೂ ಅದಿಲ್ಲದೆ ನುಡಿಸು.’ ಕೊಕ್ಕೆ ಕೈಗೆತ್ತಿಕೊಂಡಳು. ‘ಉಳಿದವು ಅವುಗಳ ಗೂಡಿಗೆ ವಾಪಸ್ ಹೋಗ್ತವೆ. ಒಂದೊಂದಾಗಿ. ಆಮೇಲೆ ಎರಡೂ ಗುಂಡಿ ಎಳೆದರೆ ಮಾತ್ರ ಹಾಡು ಪೂರ್ತಿ.’

ಹಿಂದೆ ಹೋಗಿ ಮೊಣಕಾಲೂರಿದಳು. ಗೋಡೆಗೂ ಆರ್ಗನ್ನಿಗೂ ನಡುವಿನ ಸಂದಿಯಲ್ಲಿ ಕತ್ತಲು. ಬ್ಯಾಟರಿಯನ್ನು ಅಭ್ಯಾಸದಂತೆ ಹಲ್ಲಿಗೆ ಕಚ್ಚಲು ಹೋದವಳು ನಿಲ್ಲಿಸಿ, ಸಂದಿಯಿಂದ ಕೈ ಹೊರಗೆ ಚಾಚಿದಳು.

‘ಬಾ ಇಲ್ಲಿ. ಇದನ್ನ ಹಿಡ್ಕೋ.’

ಸ್ಟೂಲು ಸರಿಯಿತು. ಅವನು ಬಂದ, ಐವತ್ತೆಂಟು ವಯಸ್ಸಾದರೂ ಆ ಆರ್ಗನ್ನಿನ ಹಿಂದಕ್ಕೆ ಎಂದೂ ಬಾರದವನು, ಗೋಡೆ ಹಿಡಿದು ಹಿಡಿದು ಬಂದು, ಅವಳ ಪಕ್ಕದಲ್ಲಿ ಕಷ್ಟಪಟ್ಟು ಬಗ್ಗಿದ. ಎಡಗೈಯಲ್ಲಿ ಬ್ಯಾಟರಿ ಹಿಡಿದ. ಬೆಳಕು ಖಾಲಿ ಗೂಡುಗಳ ಮೇಲೆ ಅತ್ತಿತ್ತ ಓಡಾಡಿತು.

‘ನೇರ ಹಿಡಿ,’ ಎಂದಳು ಅವಳು, ‘ನೆರಳು ಬೀಳ್ತಿದೆ.’